ಹುಚ್ಚೆಳ್ಳಿನ ಕೋಳಿ

ಕಂದಿಕೆರೆಯಲ್ಲಿ ನಮ್ಮ ಪಕ್ಕದ ಹೊಲದ ಅಕ್ಕ, ರಾಗಿಯ ನಡುವೆ ಹುಚ್ಚೆಳ್ಳನ್ನು ಎಲ್ಲರಂತೆ ಸಾಲಾಗಿ ಬಿತ್ತುತ್ತಿರಲಿಲ್ಲ. ರಂಗೋಲಿ ಎಳೆಯುವವಳಂತೆ ಹಿಂದೆ ಹಿಂದೆ ಸರಿಯುತ್ತ ಚಿತ್ರ ಬಿತ್ತುತ್ತಿದ್ದಳು. ಹೂ ಬಿಟ್ಟಾಗ ಹಸಿರಿನಲ್ಲಿ ಹಳದಿ ಚಿತ್ರ ಮೂಡುತ್ತಿತ್ತು. ನೆಲದ ಮೇಲಿದ್ದ ನಮಗೆ ಅದು ಕಾಣದು. ಕಾಯಿ ಕೀಳಲು ತೆಂಗಿನ ಮರ ಹತ್ತಿದವನೇ ನೋಡಿ ಹೇಳಬೇಕು. "ಒಬ್ರು ಕಂಡ್ರೂ ಸಾಕು ಬುಡು," ಎನ್ನುತ್ತಿದ್ದಳು.

ಒಂದು ವರ್ಷ ಹೊಲದಗಲ ಕೋಳಿ ಬಿತ್ತಿದಳು. ಕಾಲಿನ ಕಡೆ ಹಾಕಿದ ಬೀಜವನ್ನೆಲ್ಲ ಇರುವೆಗಳು ಹೊತ್ತೊಯ್ದಿದ್ದವು.

"ಅಕ್ಕಾ, ಕೋಳಿಗೆ ಕಾಲೇ ಇಲ್ಲ!" ಮರದ ಮೇಲಿನವನು ಕೂಗಿದ.

ಅವಳು ಹಣೆಗೆ ಕೈ ಅಡ್ಡ ಹಿಡಿದು ಮೇಲೆ ನೋಡಿದಳು.

"ರೆಕ್ಕೆ ಹೆಂಗೈತೆ?"

"ಅಗಲಕ್ಕೆ ಹರಡ್ಕಂಡೈತೆ."

"ಹಂಗಾದ್ರೆ ಕಾವಿಗೆ ಕುಂತೈತೆ ಕಣಪ್ಪ. ಮುಂದಿನ್ ವರ್ಷ ಮರಿ ಬಿತ್ತೀನಿ ಬುಡು!"