ಕಾಳು ಒದ್ದೆಯಾಗಿ ಬಂದಿರಲಿಲ್ಲ

ನನ್ನನ್ನು ಕೆಲಸದಿಂದ ತೆಗೆದ ಮನುಷ್ಯನ ಗೋದಾಮಿಗೆ ಆಮೇಲೆ ನಾನು ಹಲವು ವರ್ಷ ಹೋಗಿಬಂದೆ. ಹೋದಾಗಲೆಲ್ಲ ಅವನು ಬಾಗಿಲಲ್ಲಿ ನನಗಾಗಿ ಕಾದು ನಿಂತಿರಬೇಕಿತ್ತು. ಅದನ್ನು ನೆನೆದರೆ ಇವತ್ತಿಗೂ ಖುಷಿಯಾಗುತ್ತದೆ. ಆ ಖುಷಿಗೆ ನಾಚಿಕೊಳ್ಳಬೇಕೆಂದು ಬುದ್ಧಿ ಹೇಳಿದವರುಂಟು. ನಾನು ನಾಚಿಕೊಂಡಿಲ್ಲ.

ತೊಂಬತ್ತರ ದಶಕದ ಮೊದಲಲ್ಲಿ ಮದುವೆಯಾಗಿ ಧಾರವಾಡದಿಂದ ಲಂಡನ್ನಿನ ರೇನರ್ಸ್ ಲೇನ್‌ಗೆ ಬಂದೆ. ಗಂಡ ಕ್ಯಾನರಿ ವಾರ್ಫ್‌ನ ಹೊಸ ಕಟ್ಟಡಗಳಲ್ಲಿ ಲಿಫ್ಟ್ ನೋಡಿಕೊಳ್ಳುತ್ತಿದ್ದರು. ನನ್ನ ಕೃಷಿ ಕಾಲೇಜಿನ ಪದವಿ ಇಲ್ಲಿ ಯಾರಿಗೂ ಬೇಕಿರಲಿಲ್ಲ. ಮಗಳು ಶಾಲೆಗೆ ಹೋಗಲು ಶುರುಮಾಡಿದ ಮೇಲೆ ಕ್ವೀನ್ಸ್‌ಬರಿ ಕಡೆ ಬೇಳೆಕಾಳು ತರಿಸಿ ಅಂಗಡಿಗಳಿಗೆ ಹಂಚುವ ಒಂದು ಗೋದಾಮಿನಲ್ಲಿ ಕೆಲಸ ಸಿಕ್ಕಿತು. ಮಾಲೀಕ ನಮ್ಮವನೇ, ಮೈಸೂರು ಕಡೆಯವನು. ಕನ್ನಡದವರ ಸಂಘದಲ್ಲಿ ಮುಂದಿನ ಸಾಲಿನ ಕುರ್ಚಿ ಅವನದು. ಆಗೆಲ್ಲ ನಾನು ‘ಅವರು’ ಎನ್ನುತ್ತಿದ್ದೆ. ಈಗ ‘ಅವನು’ ಎಂದೇ ಬರೆಯುತ್ತೇನೆ.

ನಮ್ಮಲ್ಲಿಗೆ ಬರುತ್ತಿದ್ದ ಚನ್ನಂಗಿ (ಮಸೂರ) ಕಾಳೆಲ್ಲ ಕೆನಡಾದ ಬಯಲುಸೀಮೆಯ ಒಂದು ಸಣ್ಣ ಊರಿನದು. ಅಲ್ಲಿನ ರೈತರು ಕೂಡಿ ಕಟ್ಟಿದ ಒಂದು ಮಿಲ್ಲಿನಲ್ಲಿ ಕಾಳು ಹಸನಾಗಿ, ಚೀಲ ತುಂಬಿ, ಕಂಟೇನರಿನಲ್ಲಿ ಹಡಗು ಹತ್ತಿ ಬರುತ್ತಿತ್ತು. ನಾವು ಅದನ್ನು ಒಡೆಸಿ ಬೇಳೆ ಮಾಡಿ ಪ್ಯಾಕೆಟ್ಟಿಗೆ ಹಾಕುತ್ತಿದ್ದೆವು. ಆ ಮಿಲ್ಲನ್ನು ನಡೆಸುತ್ತಿದ್ದವಳು ಅರವತ್ತು ದಾಟಿದ ರೈತ ಹೆಂಗಸು. ವಾರಕ್ಕೊಮ್ಮೆ ಫೋನಿನಲ್ಲಿ ನಮ್ಮ ಮಾತು. ಮೊದಲು ಕಾಳಿನ ವಿಷಯ, ಆಮೇಲೆ ಹಿಮ, ಅವಳ ಮೊಣಕಾಲು ನೋವು, ನನ್ನ ಮಗಳ ಕೆಮ್ಮು. ಮುಖ ನೋಡದೆಯೇ ಸ್ನೇಹವಾಗಿತ್ತು.

ಗೋದಾಮಿನ ಹಿಂಭಾಗದ ಸೂರಿನ ಶೀಟು ಸೋರುತ್ತಿತ್ತು. ಬೇಸಿಗೆಯಿಂದಲೂ ಮಾಲೀಕನಿಗೆ ಹೇಳುತ್ತಿದ್ದೆ. ‘ಮಾಡ್ಸೋಣ ಮಾಡ್ಸೋಣ’ ಎನ್ನುತ್ತಲೇ ಇದ್ದ. ಆ ವರ್ಷದ ಶರತ್ಕಾಲದಲ್ಲಿ ಮಳೆ ಬಿಡದೆ ಹಿಡಿಯಿತು. ಒಂದು ಸೋಮವಾರ ಬೆಳಿಗ್ಗೆ ಬಾಗಿಲು ತೆಗೆದರೆ ಮುಗ್ಗಲು ವಾಸನೆ ಮೂಗಿಗೆ ಅಡರಿತು. ಹಿಂದಿನ ಗೋಡೆಗೆ ಒಟ್ಟಿದ್ದ ಹೊಸ ಮಾಲೆಲ್ಲ ನೆನೆದಿತ್ತು. ಚೀಲದೊಳಗೆ ಕೈ ಹಾಕಿದರೆ ಕಾಳು ಮುದ್ದೆಮುದ್ದೆಯಾಗಿ ಬಂತು. ಕೆಲವು ಕಡೆ ಬೂಷ್ಟು.

ಅವನು ಬಂದ, ನೋಡಿದ, ನನ್ನನ್ನು ಆಫೀಸಿಗೆ ಕರೆದ.

“ನೋಡಮ್ಮ, ಕಂಟೇನರ್ ಬಿಚ್ಚಿದಾಗ್ಲೇ ಒದ್ದೆ ಇತ್ತು ಅಂತ ಆ ಮುದುಕಿಗೆ ಫೋನ್ ಮಾಡಿ ಹೇಳ್ಬಿಡು. ನಿನ್ ಮಾತು ಅಂದ್ರೆ ಅವಳು ನಂಬ್ತಾಳೆ.”

“ಇರಲಿಲ್ಲಲ್ರಿ ಸರ್. ನಾನ ನಿಂತು ಬಿಚ್ಚಿಸೇನಿ. ಕಾಳು ಗಲಗಲ ಅಂತಿದ್ದು.”

“ಅದು ನಂಗೂ ಗೊತ್ತು. ಹೇಳಿದ್ರೆ ನಿನ್ ಗಂಟೇನ್ ಹೋಗತ್ತೆ?”

“ನಾ ಹೇಳಂಗಿಲ್ರಿ.”

ಅವನು ಕೂಗಾಡಲಿಲ್ಲ. ಪೆನ್ನಿನ ಮುಚ್ಚಳ ಹಾಕಿ, “ನಾಳೆಯಿಂದ ಬರೋದು ಬೇಡ” ಎಂದ.

ಅಷ್ಟಕ್ಕೇ ಬಿಟ್ಟಿದ್ದರೆ ಬೇರೆ ಕೆಲಸ ಹುಡುಕಿಕೊಂಡು ಮರೆತುಬಿಡುತ್ತಿದ್ದೆನೋ ಏನೋ. ಆದರೆ ಆ ತಿಂಗಳೇ ಒಂದು ಶಾಲೆಯ ಹಾಲ್‌ನಲ್ಲಿ ಸಂಘದ ದೀಪಾವಳಿ ಊಟವಿತ್ತು. ಬೇಳೆ ಅಂಗಡಿಗಳಿಗೆ ಸಮಯಕ್ಕೆ ಹೋಗಿರಲಿಲ್ಲ. ಅಲ್ಲಿಗೆ ಬಂದಿದ್ದ ಅಂಗಡಿಯವರು ಯಾಕೆಂದು ಅವನನ್ನು ಕೇಳುತ್ತಿದ್ದರು. ನಾನು ತಟ್ಟೆ ಹಿಡಿದು ಸಾಲಿನಲ್ಲಿ ನಿಂತಿದ್ದೆ. ಅವನು ಎರಡು ಹೆಜ್ಜೆ ಆಚೆ, ಎಲ್ಲರಿಗೂ ಕೇಳುವ ಹಾಗೆ ಹೇಳಿದ:

“ಓದಿದೋರು ಅಂತ ನಂಬಿ ಕೀಲಿಕೈ ಕೊಟ್ಟೆ ಕಣ್ರೀ. ಬಾಗ್ಲು ತೆರೆದು ಮಳೇಲಿ ಬಿಟ್ಟು ಮನೆಗೆ ಹೋಗಿದಾರೆ. ಇಡೀ ಮಾಲು ಹಾಳು. ಏನ್ಮಾಡೋದು, ನಮ್ಮೋರು ಅಂತ ಸುಮ್ನಿದೀನಿ.”

ಸಾಲಿನಲ್ಲಿದ್ದವರೆಲ್ಲ ನನ್ನತ್ತ ತಿರುಗಿದರು. ಗಂಡಸರು ನೋಡಿ ಕಣ್ಣು ಬೇರೆಡೆ ಹೊರಳಿಸಿದರು. ಹೆಂಗಸರು ಹೊರಳಿಸಲಿಲ್ಲ. ತಟ್ಟೆಗೆ ಬಿದ್ದ ಬಿಸಿಬೇಳೆಬಾತನ್ನು ಹಾಗೇ ಮೇಜಿನ ಮೇಲಿಟ್ಟು, ಮಗಳ ಕೈ ಹಿಡಿದು ಹೊರಗೆ ಬಂದೆ. ಬಸ್ ಸ್ಟಾಪಿನಲ್ಲಿ ನಿಂತೆವು. ಇವನನ್ನು ಬಿಡಬಾರದು ಎಂಬ ಮಾತು ಆಗಲೇ ಮನಸ್ಸಿಗೆ ಬಂದದ್ದು. ಬಂದದ್ದು ಹೋಗಲೇ ಇಲ್ಲ.

ಮರುದಿನ ಕೆನಡಾಕ್ಕೆ ಫೋನ್ ಮಾಡಿದೆ. ನಡೆದದ್ದನ್ನೆಲ್ಲ ಹೇಳಿದೆ. ಮಾಲು ಒದ್ದೆಯಾಗಿ ಬಂತೆಂದು ಅವನು ತಾನೇ ಫೋನ್ ಮಾಡಿ ಹೇಳಿದ್ದನಂತೆ. ನಷ್ಟವನ್ನೆಲ್ಲ ಅವರ ತಲೆಗೆ ಕಟ್ಟಿ, ಉಳಿದ ಮಾಲನ್ನೂ ಬೇಡವೆಂದಿದ್ದನಂತೆ. ಆ ಹೊಡೆತಕ್ಕೆ ಚಳಿಗಾಲದ ಮಟ್ಟಿಗೆ ಮಿಲ್ಲು ಮುಚ್ಚಿದ್ದರು. ಅಲ್ಲಿ ಕೆಲಸಕ್ಕಿದ್ದವರು ದೂರದ ಪಟ್ಟಣಕ್ಕೆ ಕೂಲಿಗೆ ಹೊರಟಿದ್ದರು.

“ನೀನು ಇಲ್ಲಿಗೆ ಬಂದು ಇದನ್ನೇ ನಮ್ಮ ಜನರ ಎದುರು ಹೇಳುತ್ತೀಯಾ?” ಎಂದು ಕೇಳಿದಳು.

ಗಂಡನಿಗೆ ಹೇಳಿದೆ. ಅವರು ಊಟ ನಿಲ್ಲಿಸಿ ನನ್ನನ್ನೇ ನೋಡಿದರು. “ಹೋಗಿ ಬಾ. ಇಲ್ಲೇ ಕುಂತು ಹಲ್ಲು ಕಡದ್ರ ಅವಂಗೇನು ತ್ರಾಸ ಆಗಂಗಿಲ್ಲ.”

ಹೀಗೆ ನಾನು ಆ ಊರನ್ನು ಕಂಡೆ. ವಿಮಾನ ಇಳಿದ ಮೇಲೆ ಅವಳ ಪಿಕಪ್ ಗಾಡಿಯಲ್ಲಿ ಗಂಟೆಗಟ್ಟಲೆ ನೇರ ರಸ್ತೆ, ಎರಡೂ ಕಡೆ ಕೊಯ್ಲಾದ ಹೊಲ, ಮೇಲೆ ತೆಳ್ಳಗೆ ಹಿಮ. ನಮ್ಮ ಎರೆಹೊಲದವರಿಗೆ ಬಯಲು ಹೊಸದಲ್ಲ. ಆದರೆ ಇಷ್ಟು ಬಯಲಿನಲ್ಲಿ ಇಷ್ಟು ಕಡಿಮೆ ಜನರನ್ನು ನಾನು ಕಂಡಿರಲಿಲ್ಲ. ಒಂದೇ ಬೀದಿ, ಒಂದು ಚರ್ಚು, ಮುಚ್ಚಿದ ಬ್ಯಾಂಕು, ಅರ್ಧ ಖಾಲಿಯಾದ ಶಾಲೆ, ಊರ ಅಂಚಿನಲ್ಲಿ ತಗಡಿನ ಮಿಲ್ಲು.

ಗಾಡಿ ನಿಧಾನ ಮಾಡಿ ಅವಳು ಊರಿನ ಕಥೆ ಹೇಳಿದಳು. ರೈಲು ಕಂಪನಿಯವರು ಹಳಿ ಹಾಕುತ್ತ, ರೈತನ ಕುದುರೆಗಾಡಿ ಒಂದು ದಿನದಲ್ಲಿ ಬಂದು ಹೋಗುವಷ್ಟು ದೂರಕ್ಕೊಂದರಂತೆ ನಿಲ್ದಾಣ ಗುರುತು ಮಾಡಿದರು. ನಿಲ್ದಾಣವಿದ್ದಲ್ಲಿ ಊರು ಎದ್ದಿತು. ಅವಳ ಅಜ್ಜ ಉಕ್ರೇನಿನಿಂದ ಬಂದು ಹುಲ್ಲುನೆಲ ಉತ್ತವನು. ಬೆಳೆಯುತ್ತಿದ್ದದ್ದು ಗೋಧಿ. ಹಳಿಯ ಪಕ್ಕ ಮರದ ಎತ್ತರದ ಕಣಜವೊಂದನ್ನು ಒಂದು ಕಂಪನಿ ಕಟ್ಟಿತ್ತು. ಅವರೇ ತೂಗುವವರು, ಅವರೇ ದರ್ಜೆ ಹೇಳುವವರು. ಅಜ್ಜ ಒಣಗಿದ ಗೋಧಿ ಒಯ್ದರೂ ‘ಒದ್ದೆ’ ಎಂದು ಕೆಳದರ್ಜೆಗೆ ಹಾಕುತ್ತಿದ್ದರಂತೆ. ಬೇಡವೆಂದರೆ ವಾಪಸ್ ಒಯ್ಯಬೇಕು. ಬೇರೆ ಕಣಜವಿರಲಿಲ್ಲ.

“ಕೊಳ್ಳುವವನು ಒಬ್ಬನೇ ಇದ್ದರೆ ಅವನು ಹೇಳಿದ್ದೇ ಸತ್ಯ,” ಎಂದಳು.

ರೈತರು ರೊಚ್ಚಿಗೆದ್ದು ತಮ್ಮದೇ ಸಹಕಾರಿ ಕಣಜ ಕಟ್ಟಿದರು. ಮಳೆಯಿಲ್ಲದೆ ಹೊಲದ ಮಣ್ಣೇ ಹಾರಿಹೋದ ಧೂಳಿನ ವರ್ಷಗಳು ಬಂದು ಅರ್ಧ ಊರು ಗುಳೆ ಹೋಯಿತು. ಉಳಿದವರು ಉಳಿದರು. ಬಹಳ ಕಾಲದ ಮೇಲೆ ಗೋಧಿಗೆ ಬೆಲೆ ಬಿದ್ದಾಗ ಅವಳೂ ಅವಳ ಗಂಡನೂ ಚನ್ನಂಗಿ ಬಿತ್ತಿದರು. ಅದನ್ನು ತಿನ್ನುವವರನ್ನೇ ಆ ಊರಿನವರು ಕಂಡಿರಲಿಲ್ಲ. ಹೊಲದ ಬದಿಯಲ್ಲಿ ಗಾಡಿ ನಿಲ್ಲಿಸಿ ನಗುತ್ತಿದ್ದರಂತೆ. ಮೂರ್ನಾಲ್ಕು ಸುಗ್ಗಿಯಾದ ಮೇಲೆ ನಕ್ಕವರೂ ಬಿತ್ತಿದರು. ಅಷ್ಟರಲ್ಲಿ ಸರಕಾರ ರೈಲು ಸಾಗಣೆಯ ನೆರವು ನಿಲ್ಲಿಸಿತು, ಕಂಪನಿ ಹಳಿ ಕಿತ್ತಿತು, ಮರದ ಕಣಜಗಳನ್ನು ಯಂತ್ರ ತಂದು ಕೆಡವಿದರು. ಜನ ಮನೆಯಿಂದ ಕುರ್ಚಿ ತಂದು ಕೂತು ನೋಡಿದರಂತೆ. ಕೆಲವು ಮುದುಕರು ಟೋಪಿ ತೆಗೆದರಂತೆ. ಅದಾದ ಮೇಲೆ ಕೆಲವು ಮನೆಗಳವರು ಕೂಡಿ ಈ ಮಿಲ್ಲು ಕಟ್ಟಿದ್ದು. ಊರಿನಲ್ಲಿ ದೀಪ ಉರಿಯುತ್ತಿದ್ದರೆ ಅದರಿಂದಲೇ.

ಆ ಮಿಲ್ಲಿನ ಮೇಲೆ ಅವನು ಸುಳ್ಳು ಹೇಳಿದ್ದ. ನನ್ನ ಸಿಟ್ಟಿಗೆ ಇನ್ನೊಂದು ಊರಿನ ಸಿಟ್ಟು ಸೇರಿಕೊಂಡಿತು.

ಶನಿವಾರ ಬೆಳಿಗ್ಗೆ ಆ ಊರಿನ ಹಾಲ್‌ನಲ್ಲಿ ಜನ ಸೇರಿದರು. ನಾನು ನಿಂತು ಹೇಳಿದೆ. ಹಿಂದಿನಿಂದ ಒಬ್ಬ ರೈತ ಕೇಳಿದ: “ಅವನು ನಿನ್ನನ್ನು ಕೆಲಸದಿಂದ ತೆಗೆದಿದ್ದಾನೆ. ನಿನ್ನ ಮಾತು ನಾವು ಯಾಕೆ ನಂಬಬೇಕು?”

“ನನಗೆ ಅವನ ಮೇಲೆ ಸಿಟ್ಟಿದೆ. ಅದನ್ನು ಮುಚ್ಚಿಡುವುದಿಲ್ಲ,” ಎಂದೆ. “ಆದರೆ ನಿಮಗೆ ಅವನು ಹೇಳಿದ್ದು ಮಾಲು ಒದ್ದೆಯಾಗಿ ಬಂತೆಂದು. ಲಂಡನ್ನಿನಲ್ಲಿ ಹೇಳುತ್ತಿರುವುದು ನಾನು ಮಳೆಯಲ್ಲಿ ಬಿಟ್ಟು ಹೋದೆನೆಂದು. ಎರಡೂ ನಿಜವಾಗಲು ಸಾಧ್ಯವಿಲ್ಲ. ಅಲ್ಲಿನ ಯಾವ ಅಂಗಡಿಯವನಿಗಾದರೂ ಫೋನ್ ಮಾಡಿ ಕೇಳಿ.”

ಆ ಹೆಂಗಸು ಗೋಡೆಯ ಫೋನಿನಿಂದ ಅಲ್ಲೇ ಕ್ವೀನ್ಸ್‌ಬರಿಯ ಒಂದು ಅಂಗಡಿಗೆ ಫೋನ್ ಹಚ್ಚಿದಳು. ಅಲ್ಲಿ ಆಗ ಸಂಜೆ. ತಾನು ಕಾಳು ಬೆಳೆಯುವವಳು, ಬೇಳೆ ಯಾಕೆ ಬಂದಿಲ್ಲ ಎಂದು ವಿಚಾರಿಸುತ್ತಿದ್ದೇನೆ ಎಂದಳು. ಆ ಕಡೆಯವನು ಸಂಕೋಚವಿಲ್ಲದೆ ಹೇಳಿದ. ಕೇಳಿಸಿಕೊಂಡು, ಅವಳು ಅದನ್ನೇ ಜನರಿಗೆ ಜೋರಾಗಿ ಒಪ್ಪಿಸಿದಳು: “ಮಾಲು ಚೆನ್ನಾಗಿಯೇ ಬಂದಿತ್ತಂತೆ. ಗೋದಾಮಿನ ಹೆಂಗಸು ಬಾಗಿಲು ತೆರೆದಿಟ್ಟು ಹಾಳು ಮಾಡಿದಳಂತೆ.”

ನನ್ನ ಮಾನ ಕಳೆಯಲು ಅವನು ಹಬ್ಬಿಸಿದ ಮಾತೇ ಅವನನ್ನು ಹಿಡಿದುಕೊಟ್ಟಿತು. ನಾನು ಅಲ್ಲೇ ನಕ್ಕುಬಿಟ್ಟೆ.

ಇನ್ನು ಅವನಿಗೆ ಒಂದು ಕಾಳನ್ನೂ ಮಾರಬೇಡಿ, ಲಂಡನ್ನಿನಲ್ಲಿ ನಾನೇ ಮಾರುತ್ತೇನೆ, ನನಗೆ ಮಾತ್ರ ಕೊಡಿ ಎಂದು ಕೇಳಿದೆ. ಸಿಗುತ್ತದೆಂದೇ ನಂಬಿದ್ದೆ. ಆ ಹೆಂಗಸು ತಲೆ ಅಲ್ಲಾಡಿಸಿದಳು.

“ಆಗುವುದಿಲ್ಲ. ಆಗ ನೀನೊಬ್ಬಳೇ ಕೊಳ್ಳುವವಳಾಗುತ್ತೀ. ನೀನು ಒಳ್ಳೆಯವಳೇ. ಆದರೂ ಬೇಡ.”

“ಅವನು ನಿಮಗೆ ಮಾಡಿದ್ದು ಸಾಲದಾ?”

“ನಮಗೆ ಇವನಿಗಿಂತ ದೊಡ್ಡವರೇ ಮಾಡಿದ್ದಾರೆ. ನಿನಗೂ ಮಾರುತ್ತೇವೆ, ಅವನು ಬಂದರೆ ಅವನಿಗೂ ಮಾರುತ್ತೇವೆ. ಆದರೆ ನಮ್ಮ ಷರತ್ತಿನ ಮೇಲೆ. ಷರತ್ತು ಏನೆಂದು ನೀನು ಹೇಳು.”

ಆ ದಿನ ಅವಳ ಮೇಲೂ ಸಿಟ್ಟು ಬಂತು. ರಾತ್ರಿ ಅವಳ ಅಡುಗೆಮನೆಯಲ್ಲಿ ಕೂತು ಊಟ ಮಾಡುವಾಗಲೂ ಅದು ಇಳಿದಿರಲಿಲ್ಲ. ಬೆಳಿಗ್ಗೆ ಎದ್ದಾಗ ಷರತ್ತು ಸಿದ್ಧವಾಗಿತ್ತು. ಒಂದು, ಮಿಲ್ಲಿಗೆ ಆದ ನಷ್ಟ ಅವನು ತುಂಬಬೇಕು. ಜೊತೆಗೆ, ಅವನ ಪ್ರತಿ ಕಂಟೇನರನ್ನೂ ಊರಿನ ಪರವಾಗಿ ನಾನೇ ನಿಂತು ಬಿಚ್ಚಿಸಬೇಕು. ಕೊನೆಯದು, ನನ್ನ ಬಗ್ಗೆ ಎಲ್ಲಿ ಹೇಳಿದ್ದನೋ ಅಲ್ಲಿಯೇ ನಿಜ ಹೇಳಬೇಕು.

ಆ ಹೆಂಗಸು ಫೋನಿನಲ್ಲಿ ಷರತ್ತು ಹೇಳಿದಾಗ ಅವನು ಮೊದಲು ನಕ್ಕನಂತೆ. ಆದರೆ ಆ ವರ್ಷ ಬೇರೆಲ್ಲೂ ಕಾಳಿನ ಬೆಳೆ ಸರಿಯಾಗಿ ಬಂದಿರಲಿಲ್ಲ. ನಾನು ಮಿಲ್ಲಿನಿಂದ ನನ್ನ ಪಾಲಿಗೆ ಬಂದ ಚೀಲಗಳನ್ನು ಬಾಡಿಗೆ ವ್ಯಾನಿನಲ್ಲಿ ಹೇರಿಕೊಂಡು, ಮೊದಲು ರೇನರ್ಸ್ ಲೇನ್, ಆಮೇಲೆ ಕ್ವೀನ್ಸ್‌ಬರಿ, ಅವನು ಬೇಳೆ ಹಾಕುತ್ತಿದ್ದ ಅಂಗಡಿಗಳಿಗೇ ಹೋದೆ. ಬಾಗಿಲು ತೆರೆದಿಟ್ಟವಳು ಎಂದು ಗೊಣಗಿದ ಅಂಗಡಿಯವನೂ ಕಾಳು ನೋಡಿದ ಮೇಲೆ ತೆಗೆದುಕೊಂಡ. ಚಳಿಗಾಲ ಮುಗಿಯುವಷ್ಟರಲ್ಲಿ ಅವನ ಫೋನ್ ಬಂತು.

“ಏನಮ್ಮ, ಆಫೀಸಿಗೆ ಬಾ. ಇಬ್ರೂ ಕೂತು ಮಾತಾಡೋಣ. ತಪ್ಪಾಯ್ತು ಅಂತೀನಿ, ಮುಗೀತಲ್ಲ.”

“ಆಫೀಸಿನ್ಯಾಗ ನನ್ನ ಮಾನ ಹೋಗಿಲ್ರಿ. ಹಾಲ್‌ನ್ಯಾಗ ಹೋಗೇದ.”

ಯುಗಾದಿಯ ಊಟಕ್ಕೆ ಅದೇ ಹಾಲ್. ನಾನು ಇದ್ದುದರಲ್ಲಿ ಒಳ್ಳೆಯ ಇಳಕಲ್ ಸೀರೆ ಉಟ್ಟು ಹಿಂದಿನ ಸಾಲಿನಲ್ಲಿ ಕೂತಿದ್ದೆ. ಬೇಕೆಂದೇ ಹಿಂದೆ ಕೂತಿದ್ದೆ. ಅವನು ಮೈಕ್ ಹಿಡಿದು ಸಂಘದ ವಿಷಯ, ಮಕ್ಕಳ ಕನ್ನಡ ತರಗತಿಯ ವಿಷಯ ಎಲ್ಲ ಹೇಳಿ, ಕೊನೆಗೆ ತಲೆ ತಗ್ಗಿಸಿ ಏನೋ ಗೊಣಗಿದ.

ನಾನು ಎದ್ದು ನಿಂತೆ. “ಹಿಂದ ಕೇಳಸ್ಲಿಲ್ರಿ. ಇನ್ನೊಮ್ಮೆ ಹೇಳ್ರಿ.”

ಅವನ ಕಿವಿ ಕೆಂಪಾಗಿದ್ದು ಅಷ್ಟು ದೂರದಿಂದಲೂ ಕಂಡಿತು. “ಕಾಳು ಒದ್ದೆಯಾಗಿ ಬಂದಿರ್ಲಿಲ್ಲ,” ಎಂದ. “ಇವರೂ ಹಾಳು ಮಾಡಿರ್ಲಿಲ್ಲ. ನಮ್ ಗೋದಾಮಿನ ಸೂರು ಸೋರಿದ್ದು.”

“ಸೋರತೈತಿ ಅಂತ ಯಾರು ಹೇಳಿದ್ರು ಅದನ್ನೂ ಹೇಳ್ರಿ.”

“ಇವರೇ ಹೇಳಿದ್ರು. ನಾನೇ ಮಾಡಿಸ್ಲಿಲ್ಲ.”

ಗಂಡ ನನ್ನ ಸೆರಗು ಜಗ್ಗಿ ಕೂರಿಸಿದರು. ಅವತ್ತು ಎರಡು ಸಲ ಬಡಿಸಿಕೊಂಡು ಉಂಡೆ.

ಜನ ಇಲ್ಲಿಗೆ ಮುಗಿಯಿತೆಂದುಕೊಂಡರು. ನನಗೆ ಮುಗಿದಿರಲಿಲ್ಲ. ಕಂಟೇನರ್ ಬಂದಾಗಲೆಲ್ಲ ಅವನ ಗೋದಾಮಿಗೆ ಹೋದೆ. ನಾನು ಬರುವ ತನಕ ಕಂಟೇನರಿನ ಬಾಗಿಲು ತೆರೆಯುವಂತಿರಲಿಲ್ಲ. ಮಳೆಯಿದ್ದರೆ ಮನೆಯಲ್ಲಿ ಇನ್ನೊಂದು ಕಪ್ ಚಹಾ ಕುಡಿದು ಹೊರಡುತ್ತಿದ್ದೆ. ಬೇಕಾದ್ದಕ್ಕಿಂತ ಹೆಚ್ಚು ಚೀಲ ಬಿಚ್ಚಿಸುತ್ತಿದ್ದೆ. ಒಳಗೆ ಕತ್ತಲೆಂದು ಅವನ ಕೈಗೇ ಟಾರ್ಚ್ ಕೊಟ್ಟು, “ಇನ್ನೊಂಚೂರು ಈ ಕಡೆ ಹಿಡೀರಿ” ಎನ್ನುತ್ತಿದ್ದೆ. ಅವನ ಕೆಲಸಗಾರರು ನೋಡುತ್ತಿರಲಿ ಎಂದೇ. ಅವನು ತರಿಸಿದ ಚಹಾ ಒಂದು ದಿನವೂ ಮುಟ್ಟಲಿಲ್ಲ.

ಒಮ್ಮೆ ರಜೆಯಲ್ಲಿ ಮಗಳು ಜೊತೆಗೆ ಬಂದಿದ್ದಳು. ವಾಪಸ್ ಬರುವಾಗ ವ್ಯಾನಿನಲ್ಲಿ, “ಮಮ್, ಯು ಎಂಜಾಯ್ ದಿಸ್,” ಎಂದಳು.

“ಹೌದವಾ,” ಎಂದೆ.

“ದಟ್ಸ್ ನಾಟ್ ನೈಸ್.”

“ಅಲ್ಲ,” ಎಂದೆ. ಅದೂ ನಿಜವೇ.

ಅಷ್ಟರಲ್ಲಿ ಹಳೆಯ ಅಂಗಡಿಗಳಲ್ಲಿ ಹೆಚ್ಚಿನವು ನನ್ನ ಕಡೆಗೆ ಬಂದಿದ್ದವು. ಕೆನಡಾದ ಹೆಂಗಸು ಮಾತ್ರ ಹೇಳಿದಂತೆಯೇ ನಡೆದಳು. ಇಬ್ಬರಿಗೂ ಒಂದೇ ಬೆಲೆ, ಯಾರಿಗೂ ಹೆಚ್ಚಿಲ್ಲ, ಕಡಿಮೆಯಿಲ್ಲ. ನಾನು ಎಷ್ಟು ಗೋಗರೆದರೂ ಜಗ್ಗಲಿಲ್ಲ. ಎರಡು ಸಾವಿರದ ಆಚೆ ಆ ಊರಿನ ಶಾಲೆ ಮುಚ್ಚಿತು. ಮಿಲ್ಲು ಮುಚ್ಚಲಿಲ್ಲ. ಹೊಸ ಯಂತ್ರ ಹಾಕಿ ಅಲ್ಲಿಯೇ ಬೇಳೆ ಒಡೆಯಲು ಶುರುಮಾಡಿದರು. ದೂರದ ದೇಶಗಳಿಗೂ ಕಳಿಸಿದರು. ಕೂಲಿಗೆ ಹೋದವರಲ್ಲಿ ಕೆಲವರು ತಿರುಗಿ ಬಂದರು.

ಅವನಿಗೆ ವಯಸ್ಸಾಯಿತು. ಮಕ್ಕಳಿಗೆ ಬೇಳೆಯ ವ್ಯಾಪಾರ ಬೇಡವಾಗಿತ್ತು. ಗೋದಾಮು ಮಾರಿದ. ಕೊನೆಯ ಕಂಟೇನರ್ ಬಿಚ್ಚಿದ ದಿನವೂ ಟಾರ್ಚ್ ಅವನ ಕೈಯಲ್ಲೇ ಇತ್ತು. ನಾನು ಕೊನೆಯ ಚೀಲದಿಂದ ಕೈ ತೆಗೆದಾಗ ಕೇಳಿದ:

“ಇನ್ನೂ ಸಾಲದೇನಮ್ಮ?”

ಅವನನ್ನು ಸರಿಯಾಗಿ ನೋಡಿದೆ. ಮುದುಕನಾಗಿದ್ದ, ಮಫ್ಲರ್ ಸುತ್ತಿದ್ದ, ಮೂಗು ಸೋರುತ್ತಿತ್ತು. ಕನಿಕರ ಬರಬಹುದೆಂದು ಒಂದು ಕ್ಷಣ ಕಾದೆ. ಬರಲಿಲ್ಲ.

“ಸಾಲಿಲ್ರಿ,” ಎಂದೆ. “ಆದ್ರ ವ್ಯಾಪಾರ ನೀವ ಮುಗಿಸೀರಿ.”

ಈಚೆಗೆ ಡಾಕ್ಟರರ ಕ್ಲಿನಿಕ್ಕಿನಲ್ಲಿ ಅವನ ಹೆಂಡತಿ ಸಿಕ್ಕಿದ್ದರು. ಅವನ ಕಾಲಿಗೆ ನೋವೆಂದೂ ಮನೆಯಲ್ಲೇ ಇರುತ್ತಾನೆಂದೂ ಹೇಳಿ, “ಒಂದ್ಸಲ ಬಂದು ನೋಡ್ಕೊಂಡು ಹೋಗಿ, ಹಳೇದೆಲ್ಲ ಬಿಟ್ಬಿಡಿ” ಎಂದು ನನ್ನ ಕೈ ಹಿಡಿದರು. ಅವರು ನನಗೆ ಯಾವ ಕೆಡುಕೂ ಮಾಡಿದವರಲ್ಲ. ಆಗಲಿ ಎಂದೆ. ವಿಳಾಸವನ್ನೂ ಕೇಳಿ ಬರೆದುಕೊಂಡೆ. ಹೋಗಿಲ್ಲ.