ಏಳು ಗಂಟಿನ ಸುಳ್ಳು

ಕನ್ನಡಕದಕ್ಕನ ಕೋಪ ಮೂಗಿನ ತುದಿಯಲ್ಲೇ ಇರುತ್ತದೆ ಎಂದು ಬೀದಿಗೆಲ್ಲ ಗೊತ್ತು. ಆದರೆ ಆ ದಿನ ಬೆಳಿಗ್ಗೆ, ಕನ್ನಡಕದಂಗಡಿಯ ಹಿಂದಿನ ಕೋಣೆಯಲ್ಲಿ ಲೆನ್ಸ್ ಉಜ್ಜುವ ಯಂತ್ರಕ್ಕೆ ನೀರು ತುಂಬಿಸಿ ಮೊಬೈಲ್ ತೆರೆದಾಗ ಅವಳ ಪಿತ್ತ ನೇರ ನೆತ್ತಿಗೇರಿತು. ಅಂತರಜಾಲದ ವಿಶ್ವಕೋಶದಲ್ಲಿ ಅವಳು ಬರೆದ ಪುಟವೊಂದರ ಮೇಲೆ ಯಾರೋ ಕೆಂಪು ಚೌಕಟ್ಟು ಅಂಟಿಸಿದ್ದರು. 'ಈ ಪುಟ ಅಚ್ಚಾದ ಪುಸ್ತಕವೊಂದರಿಂದ ಕದ್ದದ್ದೆಂದು ಕಾಣುತ್ತದೆ. ಹತ್ತು ದಿನದೊಳಗೆ ಸರಿಯಾದ ಉತ್ತರ ಬರದಿದ್ದರೆ ಅಳಿಸಲಾಗುವುದು.'

ಕದ್ದದ್ದಂತೆ! ಮಗಳು ಚಿಕ್ಕವಳಿದ್ದಾಗ ಬೇರೆ ಯಾರದೋ ಪೆನ್ಸಿಲ್ ಅವಳ ಚೀಲದಲ್ಲಿ ಬಂದಿದ್ದಕ್ಕೆ, ಅವಳನ್ನು ನಿಂತ ಕಾಲಲ್ಲೇ ಶಾಲೆಗೆ ವಾಪಸ್ ಓಡಿಸಿದ ಹೆಂಗಸು ಇವಳು.

ಅವಳ ವಯಸ್ಸು ನಲವತ್ತೆರಡು. ಹದಿನೆಂಟು ವರ್ಷದಿಂದ ಅದೇ ಅಂಗಡಿ. ಕಣ್ಣಿನ ಡಾಕ್ಟರು ಕೊಟ್ಟ ಚೀಟಿ ನೋಡಿ ಲೆನ್ಸನ್ನು ಫ್ರೇಮಿನ ಆಕಾರಕ್ಕೆ ಉಜ್ಜಿ ಕೂರಿಸುವುದು ಅವಳ ಕೆಲಸ. ಎರಡು ಕಣ್ಣುಗುಡ್ಡೆಗಳ ನಡುವಿನ ಅಳತೆ ಎರಡು ಮಿಲಿಮೀಟರ್ ತಪ್ಪಿದರೂ ಗಿರಾಕಿಗೆ ಸಂಜೆಯೊಳಗೆ ತಲೆನೋವು ಗ್ಯಾರಂಟಿ. 'ಹಾಕ್ಕೊಂಡು ಹಾಕ್ಕೊಂಡು ಅಭ್ಯಾಸ ಆಗತ್ತೆ ಸಾರ್' ಎಂದು ಸಾಗಹಾಕುವವರು ಬೇಕಾದಷ್ಟು ಜನ ಇದ್ದಾರೆ. ಕನ್ನಡಕದಕ್ಕ ಮಾತ್ರ ಅಂಥ ಲೆನ್ಸನ್ನು ಮಾಲೀಕರ ಎದುರೇ ಬುಟ್ಟಿಗೆ ಎಸೆದು ಹೊಸದು ಉಜ್ಜಲು ಕೂರುತ್ತಾಳೆ. ಮಾಲೀಕರು ಹಲ್ಲು ಕಡಿದು ಸುಮ್ಮನಾಗುತ್ತಾರೆ.

ಇಂಥವಳಿಗೆ ಜಪಾನಿನ ಭೂತಗಳ ಸಹವಾಸ ಅಂಟಿದ್ದು ಮಗಳಿಂದ. ಮಗಳಿಗೆ ಆರು ವರ್ಷವಿದ್ದಾಗ ಹಳೇ ಪುಸ್ತಕದ ರಾಶಿಯಿಂದ ಜಪಾನಿನ ಭೂತಗಳ ಚಿತ್ರಪುಸ್ತಕವೊಂದು ಮನೆಗೆ ಬಂತು. ಅದರಲ್ಲಿ ಮಕುರಗಾಯೇಶಿ ಎಂಬುದಿತ್ತು. ಮಲಗಿದವರ ತಲೆದಿಂಬನ್ನು ಎಳೆದು ಕಾಲ ಬಳಿ ಇಟ್ಟು ಹೋಗುವ ಭೂತ. ಮಗಳೋ ಮೊದಲೇ ಹಾಸಿಗೆಯಲ್ಲಿ ಗಡಿಯಾರದ ಮುಳ್ಳಿನಂತೆ ಸುತ್ತುವವಳು, ಬೆಳಗಾಗುವಾಗ ತಲೆ ಇದ್ದಲ್ಲಿ ಕಾಲು. ಚಿತ್ರ ನೋಡಿದ ಮೇಲೆ ಮಲಗಲು ಒಲ್ಲೆನೆಂದು ರಂಪ ಮಾಡಿದಳು. ಆಗ ತಾಯಿ ಅಲ್ಲೇ ಒಂದು ಉಪಾಯ ಹೊಸೆದಳು. "ನೀಲಿ ದಾರದಲ್ಲಿ ಏಳು ಗಂಟು ಹಾಕಿ ದಿಂಬಿನ ಮೂಲೆಗೆ ಕಟ್ಟಿಬಿಡೋಣ ಪುಟ್ಟಿ. ಅದಕ್ಕೆ ಎಣಿಸೋದು ಅಂದ್ರೆ ಪ್ರಾಣ, ಆದ್ರೆ ಆರರ ಮುಂದೆ ಬರಲ್ಲ. ಎಣಿಸ್ತಾ ಎಣಿಸ್ತಾ ಬೆಳಗಾಗಿಬಿಡತ್ತೆ." ಮಗಳು ಕಟ್ಟಿಸಿಕೊಂಡು ನೆಮ್ಮದಿಯಾಗಿ ಮಲಗಿದಳು.

ಮಗಳಿಗೆ ಹತ್ತಾದಾಗ ಇಬ್ಬರೂ ಕೂತು ಈ ಭೂತಗಳ ಬಗ್ಗೆ ನಮ್ಮ ಭಾಷೆಯಲ್ಲಿ ಏನಿದೆ ಎಂದು ಆ ವಿಶ್ವಕೋಶದಲ್ಲಿ ಹುಡುಕಿದರು. ಸಿಕ್ಕಿದ್ದು ಒಂದೇ ಪುಟ, ಅದೂ ಯಂತ್ರ ಅನುವಾದಿಸಿದ್ದು. ಕಪ್ಪಾ ಎಂಬ ನದಿಯ ಭೂತಕ್ಕೆ ನೆತ್ತಿಯಲ್ಲೊಂದು ಗುಳಿ, ಗುಳಿಯಲ್ಲಿ ನೀರು. ಬಗ್ಗಿ ನಮಸ್ಕರಿಸಿದರೆ ನೀರು ಚೆಲ್ಲಿ ಅದರ ಶಕ್ತಿ ಉಡುಗುತ್ತದೆ. ಇಂಗ್ಲಿಷಿನ 'ಡಿಶ್' ಎಂದರೆ ತಟ್ಟೆಯಲ್ಲ, ತಿನಿಸು ಎಂದುಕೊಂಡ ಯಂತ್ರದ ಕೃಪೆಯಿಂದ ಅದರ ತಲೆಯ ಮೇಲೆ 'ಒದ್ದೆ ಖಾದ್ಯ' ಕೂತಿತ್ತು. ಕನ್ನಡಕದಕ್ಕನ ಮೈ ಉರಿದುಹೋಯಿತು. ದೂರದವರ ಭೂತವೆಂದರೆ ಯಾರು ಏನು ಬೇಕಾದರೂ ಗೀಚಬಹುದೇ? ಅಂದೇ ಖಾತೆ ತೆರೆದಳು.

ಅಂದಿನಿಂದ ಏಳು ವರ್ಷ, ದಿನವೂ ಬೆಳಿಗ್ಗೆ ಆರರಿಂದ ಏಳೂವರೆ, ಅಡುಗೆಮನೆಯ ಮೇಜು, ಒಂದು ಕಡೆ ಹಾಲಿಟ್ಟ ಒಲೆ, ಇನ್ನೊಂದು ಕಡೆ ಹಳೇ ಲ್ಯಾಪ್‌ಟಾಪ್. ಬೇರೆ ಬೇರೆ ಊರಿನ ಐವರು ಅವಳ ಜೊತೆಗಾರರು, ಯಾರಿಗೂ ಬಿಡಿಗಾಸು ಸಂಬಳವಿಲ್ಲ, ಒಬ್ಬರ ಮುಖ ಒಬ್ಬರು ನೋಡಿಲ್ಲ. ಜಪಾನಿ ಓದಲು ಬರುವವಳು ಇಬ್ಬನಿ ಎಂಬ ಹೆಸರಿಟ್ಟುಕೊಂಡ ಶಿಕ್ಷಕಿ. ನಿರ್ವಾಹಕರು ಗೂಬೆ ಎಂಬ ಹೆಸರಿನ ನಿವೃತ್ತ ಅಂಚೆ ಗುಮಾಸ್ತರು. ಎಲ್ಲರ ಬಾಯಲ್ಲೂ ಅವರು ಭಯಭಕ್ತಿಯಿಂದ 'ಗೂಬೆ ಸಾರ್'. ಸ್ನಾನದ ಮನೆಯ ಕೊಳೆ ನೆಕ್ಕುವ ಭೂತ, ಹೊಳೆದಂಡೆಯಲ್ಲಿ ಕಾಳು ತೊಳೆಯುವ ಸದ್ದು ಮಾತ್ರ ಕೇಳಿಸಿ ತಾನು ಕಾಣಿಸದ ಭೂತ, ಒಕ್ಕಣ್ಣಿನ ಹರಕು ಕೊಡೆ, ಹೀಗೆ ಕನ್ನಡಕದಕ್ಕ ಒಬ್ಬಳೇ ನೂರಾ ಹನ್ನೆರಡು ಪುಟ ಬರೆದಳು. "ಆ ಒಕ್ಕಣ್ಣಿನ ಕೊಡೆ ನಿಮ್ಮಂಗಡಿಗೆ ಬಂದ್ರೆ ಕನ್ನಡಕಕ್ಕೆ ಒಂದೇ ಲೆನ್ಸ್ ಹಾಕ್ತೀಯೇನೇ?" ಎಂದು ಗಂಡ ಕೆಣಕುತ್ತಿದ್ದ. "ನಿಮ್ಮ ಬಾಯಿಗೊಂದು ಮುಚ್ಚಳ ಹಾಕ್ತೀನಿ" ಎನ್ನುತ್ತಿದ್ದಳು.

ಕೆಂಪು ಚೌಕಟ್ಟು ಬಿದ್ದದ್ದು ಅದೇ ಮಕುರಗಾಯೇಶಿಯ ಪುಟಕ್ಕೆ. ಅವಳು ತಕ್ಷಣ ಗೂಬೆ ಸಾರ್‌ಗೆ ಫೋನ್ ಮಾಡಿದಳು.

"ಏನ್ ಸಾರ್ ಇದು? ಏಳು ವರ್ಷ ದುಡಿದವಳ ಮೇಲೆ ಹೀಗಾ ಗೂಬೆ ಕೂರಿಸೋದು?" ಎಂದ ಮೇಲೆ, ಆಡಿದ ಮಾತು ಅವಳಿಗೇ ಕೇಳಿಸಿತು.

"ನಾನೇನ್ ಮಾಡ್ಲಮ್ಮ," ಎಂದರು ಅವರು, ಪಾಪ, ಅದನ್ನು ಹೊಟ್ಟೆಗೆ ಹಾಕಿಕೊಂಡು. "ಒಬ್ರು ಪ್ರೊಫೆಸರ್ ಪುಸ್ತಕ ಇದೆ. ನಿಮ್ಮ ಪುಟ, ಅವರ ಅಧ್ಯಾಯ, ಅಕ್ಷರಕ್ಕೆ ಅಕ್ಷರ ಒಂದೇ. ಪುಸ್ತಕದ ಮೇಲೆ ಮೊದಲ ಮುದ್ರಣ ಅಂತ ಎಂಟು ವರ್ಷದ ಹಿಂದಿನ ಇಸವಿ ಇದೆ. ನೀವು ಬರೆಯೋಕೆ ಶುರು ಮಾಡಿದ್ದು ಏಳು ವರ್ಷದ ಹಿಂದೆ."

ಮಗಳೀಗ ಕಾಲೇಜಿನಲ್ಲಿದ್ದಾಳೆ. ಅಲ್ಲಿನ ಗ್ರಂಥಾಲಯದಿಂದ ಅವಳು ಪುಸ್ತಕ ತಂದಳು. ದಪ್ಪ ರಟ್ಟು, ಒಳಗೆ ಪ್ರೊಫೆಸರರ ಕೋಟು ತೊಟ್ಟ ಫೋಟೋ. ಕನ್ನಡಕದಕ್ಕ ನಿಂತಲ್ಲೇ ಓದಿದಳು. ತನ್ನ ವಾಕ್ಯಗಳು, ತನ್ನ ಅಲ್ಪವಿರಾಮಗಳು, ಇಬ್ಬನಿ ಮೂರು ದಿನ ಒದ್ದಾಡಿ ಜಪಾನಿಯಿಂದ ತೆಗೆದುಕೊಟ್ಟ ವಿವರಗಳು. ಇಸವಿ ಹಿಂದಕ್ಕೆ ಹಾಕಿಸಿಕೊಂಡು ಅಚ್ಚು ಮಾಡಿಸಿದ್ದಾನೆ, ಭೂಪ! ಕೋಟು ಹಾಕಿಕೊಂಡ ಕಳ್ಳ ಪ್ರೊಫೆಸರ್, ಉಜ್ಜುವ ಯಂತ್ರದ ಮುಂದೆ ಕೂತವಳು ಕಳ್ಳಿ.

ಪುಟ ತಿರುವಿದಾಗ ಅವಳ ಬೆರಳು ಒಂದು ಸಾಲಿನ ಮೇಲೆ ನಿಂತಿತು. 'ನೀಲಿ ದಾರದಲ್ಲಿ ಏಳು ಗಂಟು ಹಾಕಿ ದಿಂಬಿನ ಮೂಲೆಗೆ ಕಟ್ಟುವ ಪದ್ಧತಿಯೂ ಉಂಟು' ಎಂದು ಅಲ್ಲಿ ಅಚ್ಚಾಗಿತ್ತು.

ಅಂಥ ಪದ್ಧತಿ ಜಪಾನಿನ ಯಾವ ಮೂಲೆಯಲ್ಲೂ ಇದ್ದಂತೆ ಅವಳು ಓದಿಲ್ಲ. ಬರೆಯಲು ತೊಡಗಿದ ಮೊದಲ ವಾರ, ಆಧಾರವಿಲ್ಲದೆ ಏನೂ ಹಾಕಕೂಡದೆಂಬ ನಿಯಮ ತಿಳಿಯುವ ಮೊದಲು, ಖುಷಿಗೆ ಆ ಸಾಲನ್ನು ಅವಳೇ ಸೇರಿಸಿದ್ದಳು. ನಿಯಮ ತಿಳಿದ ಮೇಲೆ ತೆಗೆಯಬೇಕಿತ್ತು. ತೆಗೆಯಲಿಲ್ಲ. ಮುಂದಿನ ಸಾಲಿಗೊಂದು ಒಳ್ಳೆಯ ಪುಸ್ತಕದ ಉಲ್ಲೇಖ ಕೊಟ್ಟಳು. ಅದರ ನೆರಳಲ್ಲಿ ಇದೂ ಆಧಾರವಿರುವ ಸಾಲಿನಂತೆ ಕಾಣುತ್ತ ಉಳಿಯಿತು. ಎರಡು ಮಿಲಿಮೀಟರಿಗೆ ಲೆನ್ಸ್ ಎಸೆಯುವವಳು ಈ ಒಂದು ಸಾಲನ್ನು ಏಳು ವರ್ಷ ಕಂಡೂ ಕಾಣದಂತೆ ಬಿಟ್ಟಿದ್ದಳು.

ಮೂರನೆಯ ದಿನ ಗೂಬೆ ಸಾರ್ ಮತ್ತೆ ಫೋನ್ ಮಾಡಿದರು. "ಪ್ರೊಫೆಸರರಿಗೇ ಮೇಲ್ ಹಾಕಿ ಕೇಳಿದೆನಮ್ಮ, ಆ ದಾರದ ವಿಷಯ ಎಲ್ಲಿ ಸಿಕ್ತು ಅಂತ. ಬೇರೆ ಯಾವ ಪುಸ್ತಕದಲ್ಲೂ ಇಲ್ವಲ್ಲ. ಜಪಾನಿನ ಹಳ್ಳಿಯೊಂದರಲ್ಲಿ ತೊಂಬತ್ತು ವರ್ಷದ ಅಜ್ಜಿ ಬಾಯಿಂದ ಸ್ವತಃ ಕೇಳಿದ್ದು ಅಂತ ಬರೆದಿದಾರೆ. ಇನ್ನೇನ್ ಹೇಳೋಣ?"

ಫೋನ್ ಇಟ್ಟವಳು ಮಗಳ ಕಡೆ ತಿರುಗಿದಳು. "ಆ ತೊಂಬತ್ತರ ಅಜ್ಜಿ ನಾನೇ ಕಣೇ! ಆಗ ನನಗೆ ಮೂವತ್ತೊಂದು!"

ನಗಬೇಕೋ ಅಳಬೇಕೋ ಇಬ್ಬರಿಗೂ ತಿಳಿಯಲಿಲ್ಲ. ಕನ್ನಡಕದಕ್ಕ ಇಬ್ಬನಿಗೆ ಫೋನ್ ಮಾಡಿ ಎಲ್ಲವನ್ನೂ ಹೇಳಿದಳು. "ಅಕ್ಕಾ, ಸುಮ್ಮನಿದ್ದುಬಿಡಿ" ಎಂದಳು ಇಬ್ಬನಿ. "ಒಂದು ಪುಟ ಹೋಗತ್ತೆ, ಹೋಗ್ಲಿ. ಕಟ್ಟುಕತೆ ಸೇರಿಸಿದೆ ಅಂತ ನೀವೇ ಒಪ್ಪಿಕೊಂಡ್ರೆ ನಿಯಮ ಗೊತ್ತಲ್ಲ? ನಿಮ್ಮ ನೂರಾ ಹನ್ನೆರಡು ಪುಟಕ್ಕೂ 'ನಂಬಲರ್ಹವಲ್ಲ' ಅಂತ ಪಟ್ಟಿ ಬೀಳತ್ತೆ. ಒಂದೊಂದನ್ನೂ ಬೇರೆಯವರು ಕೂತು ಪರೀಕ್ಷೆ ಮಾಡೋವರೆಗೆ ತೆಗೆಯಲ್ಲ. ಯಾರಿದಾರೆ ಅಷ್ಟೊಂದು ಮಾಡೋಕೆ?"

ಮಾತು ಸರಿಯಾಗಿತ್ತು. ಅವಳ ಬಳಿ ಬೇರೆ ಆಸ್ತಿ ಏನಿತ್ತು? ಏಳು ವರ್ಷದ ಬೆಳಗುಗಳು, ಆ ಪುಟಗಳು, ಅಷ್ಟೇ. ಕನ್ನಡಕದಕ್ಕ ಎರಡು ದಿನ ಬಾಯಿ ಬಿಗಿದುಕೊಂಡು ಲೆನ್ಸ್ ಉಜ್ಜಿದಳು. ಮನೆಯಲ್ಲಿ ಪಾತ್ರೆಗಳ ಮೇಲೆ ಕೋಪ ತೀರಿಸಿಕೊಂಡಳು. ಗಂಡ ತನ್ನ ತಟ್ಟೆ ತಾನೇ ತೊಳೆದಿಟ್ಟು ದೂರ ಉಳಿದ.

ಸುಮ್ಮನಿರಲು ಬಿಡದವಳು ಮಗಳು. ಅಟ್ಟದ ರಟ್ಟಿನ ಪೆಟ್ಟಿಗೆಯಿಂದ ಧೂಳು ಹಿಡಿದ ಶಾಲಾ ಸಂಚಿಕೆಯೊಂದನ್ನು ಹುಡುಕಿ ತಂದು ಮೇಜಿನ ಮೇಲೆ ಬಡಿದಳು. ಮೂರನೇ ತರಗತಿಯಲ್ಲಿ ಅವಳು ಬರೆದ ಹತ್ತು ಸಾಲಿನ ಪ್ರಬಂಧ ಅದರಲ್ಲಿತ್ತು: 'ನಮ್ಮ ಅಮ್ಮ ಕಂಡುಹಿಡಿದ ಉಪಾಯ.' ನೀಲಿ ದಾರ, ಏಳು ಗಂಟು, ಎಣಿಸಲು ಬಾರದ ಭೂತ, ಎಲ್ಲ ಇತ್ತು. ರಟ್ಟಿನ ಮೇಲೆ ಒಂಬತ್ತು ವರ್ಷದ ಹಿಂದಿನ ಇಸವಿ ಇತ್ತು.

"ಅಮ್ಮ, ಅದು ನನ್ನ ದಿಂಬು," ಎಂದಳು ಮಗಳು. "ನನ್ನ ಹೆದರಿಕೆ. ನೀನು ನನಗೋಸ್ಕರ ಹೇಳಿದ್ದು. ಅದನ್ನ ಆ ಮನುಷ್ಯ ಯಾವುದೋ ಅಜ್ಜಿ ಬಾಯಿಗೆ ತುರುಕಿ ತನ್ನದು ಅಂತಾನೆ. ನೀನು ಸುಮ್ಮನಿರ್ತೀಯಾ?"

ಮರುದಿನ ಬೆಳಿಗ್ಗೆ ಆರಕ್ಕೆ ಕನ್ನಡಕದಕ್ಕ ವಿಶ್ವಕೋಶದ ಚರ್ಚೆಪುಟ ತೆರೆದು ಬರೆದಳು. 'ನೀಲಿ ದಾರದ ಸಾಲು ಸುಳ್ಳು. ಕಟ್ಟಿದವಳು ನಾನು, ನನ್ನ ಮಗಳನ್ನು ಮಲಗಿಸಲು. ಇಲ್ಲಿ ಸೇರಿಸಿದ್ದೂ, ಗೊತ್ತಿದ್ದೂ ತೆಗೆಯದೆ ಬಿಟ್ಟದ್ದೂ ನನ್ನ ತಪ್ಪು. ಈ ಸಾಲು ಪ್ರೊಫೆಸರರ ಪುಸ್ತಕದಲ್ಲಿದ್ದರೆ ಕದ್ದವರು ಯಾರೆಂದು ನೀವೇ ಹೇಳಿ.' ಸಂಚಿಕೆಯ ಚಿತ್ರವನ್ನೂ ಜೊತೆಗೆ ಹಾಕಿ, ಆ ಸಾಲನ್ನು ಪುಟದಿಂದ ತನ್ನ ಕೈಯಾರೆ ಅಳಿಸಿದಳು.

ಕೆಂಪು ಚೌಕಟ್ಟು ಸಂಜೆಯೊಳಗೆ ಹೋಯಿತು. ಗೂಬೆ ಸಾರ್ ನಾಲ್ಕು ಸಾಲು ಬರೆದು ಕ್ಷಮೆ ಕೇಳಿದರು. ಆಮೇಲೆ, ನಿಯಮ ನಿಯಮವೇ ಆದ್ದರಿಂದ, ನೂರಾ ಹನ್ನೆರಡು ಪುಟಗಳಿಗೂ ಹಳದಿ ಪಟ್ಟಿ ಅಂಟಿಸಿದರು: 'ಈ ಪುಟದ ಮಾಹಿತಿ ನಂಬಲರ್ಹವೇ ಎಂಬುದು ಖಚಿತವಿಲ್ಲ.' ಪ್ರೊಫೆಸರರನ್ನು ಮಾತ್ರ ಮತ್ತೆ ಯಾರೂ ಏನೂ ಕೇಳಲಿಲ್ಲ. ಕೇಳಲು ಯಾರಿಗೆ ಅಧಿಕಾರ? ಅವರ ಪುಸ್ತಕ ಗ್ರಂಥಾಲಯದಲ್ಲಿ ತಣ್ಣಗೆ ಕೂತಿತ್ತು.

ಇದನ್ನೂ ಅವಳು ನುಂಗಿಕೊಂಡಳು, ತನ್ನ ತಪ್ಪಿನ ಪಾಲು ಎಂದು. ನುಂಗಲಾಗದ್ದು ಮೂರು ವಾರದ ಮೇಲೆ ಬಂತು. ಹೊಸದಾಗಿ ಸೇರಿದ ಸ್ವಯಂಸೇವಕನೊಬ್ಬ, ಒಳ್ಳೆಯ ಹುಮ್ಮಸ್ಸಿನವನು, ನೀಲಿ ದಾರದ ಸಾಲನ್ನು ಪುಟಕ್ಕೆ ವಾಪಸ್ ಸೇರಿಸಿದ್ದ. ಈ ಸಲ ಉಲ್ಲೇಖ ಸಮೇತ: ಪ್ರೊಫೆಸರರ ಹೆಸರು, ಪುಸ್ತಕ, ಪುಟಸಂಖ್ಯೆ, ಎಲ್ಲ ಅಚ್ಚುಕಟ್ಟು. ಅವಳು ಅಳಿಸಿದಳು. ಅವನು ಮತ್ತೆ ಹಾಕಿದ. 'ಇದು ಸುಳ್ಳು, ಬರೆದವಳೇ ನಾನು' ಎಂದು ಅವಳು ಬರೆದರೆ ಅವನು ಬಲು ವಿನಯದಿಂದ ಉತ್ತರಿಸಿದ: 'ಮೇಡಂ, ನಿಮ್ಮ ಸ್ವಂತ ಮಾತು ಆಧಾರವಾಗುವುದಿಲ್ಲ. ಮಕ್ಕಳ ಶಾಲಾ ಸಂಚಿಕೆಯೂ ಆಗುವುದಿಲ್ಲ. ಇದು ಪ್ರಾಧ್ಯಾಪಕರ ಪ್ರಕಟಿತ ಕೃತಿ.'

ಗೂಬೆ ಸಾರ್ ಕೂಡ ತಲೆ ಕೆರೆದುಕೊಂಡರು. "ಅವನು ಹೇಳೋದು ನಿಯಮದ ಪ್ರಕಾರ ಸರಿ ಕಣಮ್ಮ. ಅದು ಸುಳ್ಳು ಅಂತ ಎಲ್ಲಾದ್ರೂ ಅಚ್ಚಾಗಿರಬೇಕು."

ನೋಡಿ ನ್ಯಾಯ! ಅವಳು ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ಬರೆದ ನೂರಾರು ನಿಜಗಳ ಮೇಲೆ ಸಂಶಯದ ಹಳದಿ ಪಟ್ಟಿ. ಅವಳು ಹೇಳಿದ ಒಂದೇ ಒಂದು ಸುಳ್ಳಿಗೆ ಮಾತ್ರ ಕೋಟು, ಪುಟಸಂಖ್ಯೆ, ಗೌರವ. ಅದೂ ಕಳ್ಳನ ದಯೆಯಿಂದ.

"ಅಚ್ಚಾಗಬೇಕಾ? ಆಗ್ಲಿ," ಎಂದಳು ಕನ್ನಡಕದಕ್ಕ.

ದಿನಪತ್ರಿಕೆಯ ಓದುಗರ ಪತ್ರಗಳ ಅಂಕಣಕ್ಕೆ ಬರೆದಳು. ಸುಳ್ಳು ಏನು, ಹೇಳಿದ್ದು ಯಾರು, ಅದು ಯಾವ ಪುಸ್ತಕದ ಎಷ್ಟನೆಯ ಪುಟಕ್ಕೆ ಹೋಗಿ ಕೂತಿದೆ, ಎಲ್ಲ. ಕೆಳಗೆ ತನ್ನ ನಿಜವಾದ ಹೆಸರು, ಅಂಗಡಿಯ ವಿಳಾಸ. ಗಂಡ ಓದಿ, "ಅಂಗಡಿ ವಿಳಾಸ ಯಾಕೇ? ಜನ ಏನಂತಾರೆ?" ಎಂದ. "ಹೆಸರಿಲ್ಲದೋರ ಮಾತಿಗೆ ಏನು ಬೆಲೆ ಅಂತ ನೋಡಿದ್ರಲ್ಲ" ಎಂದಳು. ಹನ್ನೊಂದು ದಿನದ ಮೇಲೆ ಪತ್ರ ಪ್ರಕಟವಾಯಿತು. ಪ್ರೊಫೆಸರರ ಮತ್ತು ಪುಸ್ತಕದ ಹೆಸರನ್ನು ಸಂಪಾದಕರು ಕತ್ತರಿಸಿ 'ವಿದ್ವಾಂಸರೊಬ್ಬರ ಕೃತಿ' ಎಂದು ಮಾಡಿದ್ದರು. ಅವಳ ಹೆಸರು ಪೂರ್ತಿ ಇತ್ತು. ಅಷ್ಟು ಸಾಕಾಯಿತು. ಪತ್ರಿಕೆಯ ತಾರೀಖು ಕೊಟ್ಟು ಆ ಸಾಲನ್ನು ಮತ್ತೆ ಅಳಿಸಿದಳು. ಈ ಸಲ ಹೊಸಬ ಚಕಾರವೆತ್ತಲಿಲ್ಲ.

ಅದೇ ದಿನ ಹನ್ನೊಂದು ಗಂಟೆಗೆ, ಹಿಂದಿನ ವಾರ ಕನ್ನಡಕ ಮಾಡಲು ಕೊಟ್ಟಿದ್ದ ಗಿರಾಕಿಯೊಬ್ಬರು ಪತ್ರಿಕೆ ಮಡಚಿ ಹಿಡಿದು ಬಂದರು. ಮಾಲೀಕರು ಕೌಂಟರಿನಿಂದ ಕತ್ತೆತ್ತಿ ನೋಡಿದರು.

"ಈ ಸುಳ್ಳು ಬರೆದೋರು ನೀವೇನಾ?"

"ಹೌದು, ನಾನೇ."

ಗಿರಾಕಿ ಅವಳು ಮುಂದಿಟ್ಟ ಹೊಸ ಕನ್ನಡಕವನ್ನು ತಿರುಗಿಸಿ ಮುರುಗಿಸಿ ನೋಡಿದರು, ಹಾಕಿಕೊಳ್ಳಲಿಲ್ಲ. "ಇದರ ನಂಬರಾದ್ರೂ ನಿಜಾನಾ?"

ಹದಿನೆಂಟು ವರ್ಷದಲ್ಲಿ ಅವಳನ್ನು ಯಾರೂ ಆ ಪ್ರಶ್ನೆ ಕೇಳಿರಲಿಲ್ಲ. ಬಾಯಿಗೆ ಬಂದದ್ದನ್ನೆಲ್ಲ ತಡೆದು, ಪವರ್ ಅಳೆಯುವ ಯಂತ್ರವನ್ನು ಕೌಂಟರಿನ ಮೇಲೆ ಎಳೆದು ಅವರ ಕಡೆಗೆ ತಿರುಗಿಸಿದಳು.

"ಕೇಳಿದ್ದು ಒಳ್ಳೇದಾಯ್ತು. ಕೂತ್ಕೊಳ್ಳಿ. ನಿಮ್ಮೆದುರೇ ಅಳೀತೀನಿ, ನಂಬರು ನೀವೇ ಓದಿ."