ಹುಳದವ್ವನ ಬೋಗುಣಿ

ದೇವದುರ್ಗದ ಆ ಓಣಿಯಲ್ಲಿ ಬೂದೆಮ್ಮ ಎಂದರೆ ಯಾರಿಗೂ ತಿಳಿಯದು, ಹುಳದವ್ವ ಎಂದರೆ ಮಕ್ಕಳೂ ಮನೆ ತೋರಿಸುತ್ತಿದ್ದವು. ನಲವತ್ತು ವರ್ಷ ಜನರ ಹಲ್ಲಿನಿಂದ ಹುಳ ತೆಗೆದವಳು ಆಕೆ. ಅತ್ತೆ ಕಲಿಸಿಕೊಟ್ಟ ವಿದ್ಯೆ. ನೀರು ತುಂಬಿದ ಬೋಗುಣಿಯ ನಡುವೆ ನೀರಿಗೆ ತಾಗದಂತೆ ಎತ್ತರಿಸಿಟ್ಟ ಕಾದ ಕಬ್ಬಿಣ, ಅದರ ಮೇಲೆ ನೆಲಗುಳ್ಳದ ಬೀಜ, ಒಂದು ಹನಿ ಎಣ್ಣೆ. ಮೇಲೇಳುವ ಹೊಗೆಯನ್ನು ತಗಡಿನ ಕೊಳವೆಯಿಂದ ಹಲ್ಲಿಗೆ ಹಿಡಿಸಿದರೆ, ತುಸು ಹೊತ್ತಿಗೆ ನೀರಿನಲ್ಲಿ ಸಣ್ಣ ಬಿಳಿ ಹುಳಗಳು ತೇಲುತ್ತಿದ್ದವು. ಹೊಗೆಗೆ ಕೆಮ್ಮಿ ಅತ್ತ ಮಗುವಿನ ಬಾಯಿಗೆ ಆಕೆಯೇ ಒಂದು ಚೂರು ಬೆಲ್ಲ ಇಡುತ್ತಿದ್ದಳು. ದುಡ್ಡು ಮುಟ್ಟುತ್ತಿರಲಿಲ್ಲ, ಒಂದು ತೆಂಗಿನಕಾಯಿ ಕೊಟ್ಟರೆ ಸಾಕು. ಮೋಸಗಾತಿ ಎನ್ನಬೇಡಿ ಮತ್ತೆ! ಕಣ್ಣಾರೆ ಕಂಡದ್ದನ್ನು ನಂಬಿದ ಹೆಂಗಸು, ಅಷ್ಟೇ.

ಒಂದು ದಿನ ಸ್ವಂತ ಮೊಮ್ಮಗಳೇ ದವಡೆ ಹಿಡಿದುಕೊಂಡು ಅತ್ತಳು. ಕಲ್ಯಾಣಿಗೆ ಏಳು ವರ್ಷ. ಬೂದೆಮ್ಮ ಎರಡು ವಾರದಲ್ಲಿ ಮೂರು ಸಲ ಹೊಗೆ ಹಾಕಿದಳು, ಮೂರು ಸಲವೂ ಹುಳ ಬಿದ್ದವು.

‘ದವಾಖಾನಿಗೆ ತೋರಸೂಣು, ಅತ್ತಿ’ ಎಂದಳು ಸೊಸೆ ಮಂಜುಳಾ.

‘ಹುಚ್ಚಿ ಏನಬೇ ನೀ? ಹಾಲಹಲ್ಲು ಅದು. ಉದುರಿ ಹೊಸಾದು ಬರ್ತದ!’

ಆಮೇಲೆ ಒಂದು ಬೆಳಿಗ್ಗೆ ಕೂಸಿನ ಕೆನ್ನೆ ಬಾತು ಕಣ್ಣೇ ಮುಚ್ಚಿಹೋಗಿತ್ತು, ಮೈ ಕೆಂಡದ ಹಾಗೆ ಸುಡುತ್ತಿತ್ತು. ಮಂಜುಳಾ ಯಾರ ಅಪ್ಪಣೆಗೂ ಕಾಯದೆ ಮಗಳನ್ನು ಎತ್ತಿಕೊಂಡು ರಾಯಚೂರಿನ ಬಸ್ಸು ಹತ್ತಿದಳು. ಬೂದೆಮ್ಮ ಬೈಯುತ್ತಲೇ ಹಿಂದೆ ಹತ್ತಿದಳು.

ಹಲ್ಲಿನ ಡಾಕ್ಟರು ನೌಶೀನ್ ಮಾನ್ವಿಯವಳು. ಕೂಸಿನ ಬಾಯಿ ನೋಡಿದಳು, ಎಕ್ಸರೇ ನೋಡಿದಳು.

‘ಇದು ಹಾಲಲ್ಲು ಅಲ್ರೀ ಯವ್ವಾ. ಆರು ವರ್ಷಕ್ಕ ಹಿಂದ್ಗಡಿ ಹೊಸಾದಾಗಿ ಹುಟ್ಟೋ ದವಡಿ ಹಲ್ಲು. ಯಾವ ಹಲ್ಲೂ ಉದುರದ ಬರ್ತದ, ಅದಕ್ಕ ಎಲ್ಲಾರೂ ಹಾಲಲ್ಲು ಅಂತ ತಿಳೀತಾರ. ಇದು ಹೋದ್ರ ಮತ್ತೊಂದು ಹುಟ್ಟಂಗಿಲ್ಲ.’

ಬೂದೆಮ್ಮ ನಡುವೆ ಬಾಯಿ ಹಾಕಿದಳು. ‘ಹುಳಾ ಎಲ್ಲಾ ತೆಗದೀನಲ್ರೀ!’

ನೌಶೀನ್ ಆಕೆಯನ್ನು ದಿಟ್ಟಿಸಿದಳು. ‘ಹುಳದವ್ವ ಅಲ್ಲೇನ್ರಿ ನೀವು? ಸಣ್ಣಾಕಿದ್ದಾಗ ನಮ್ಮ ದಾದಿ, ನಮ್ಮಪ್ಪನ ಅವ್ವ, ನನ್ನೂ ನಿಮ್ಮ ಮನಿಗೆ ಕರಕೊಂಡು ಬಂದಿದ್ಳು. ಬೆಲ್ಲಾ ಕೊಟ್ಟಿದ್ರಿ.’ ಬೂದೆಮ್ಮನ ಮುಖ ಅರಳಿತು. ಅರಳಿದ್ದು ಅರೆಗಳಿಗೆ. ‘ಹಲ್ಲಾಗ ಹುಳಾ ಇರಂಗಿಲ್ರೀ. ಸಿಹಿ ತಿಂದು ಬಾಯಿ ತೊಳೀಲಿಲ್ಲಂದ್ರ, ಮಲಗೋ ಮುಂಚೆ ತಿಕ್ಕಲಿಲ್ಲಂದ್ರ, ಒಳಗ ಹುಳಿ ಆಗ್ತದ. ಹಲ್ಲು ತಿನ್ನೋದು ಹುಳಾ ಅಲ್ಲ, ಹುಳಿ. ನನ್ನ ಮಾತು ನಂಬಬ್ಯಾಡ್ರಿ. ಮನಿಗೆ ಹೋಗಿ, ಯಾರ ಬಾಯೀನೂ ಇಡದ ಹೊಗಿ ಹಾಕಿ ನೋಡ್ರಿ.’

‘ಹಲ್ಲು ಉಳೀತದೇನ್ರಿ?’ ಎಂದು ಮಂಜುಳಾ ಕೇಳಿದಳು.

‘ಮೊದಲನೇ ಸಲ ನೋವು ಅಂದಾಗ ಬಂದಿದ್ರ ತುಂಬಿ ಉಳಸ್ತಿದ್ದೆ.’

ಕೀವು ತೆಗೆದು ಔಷಧಿ ಕೊಟ್ಟರು. ವಾರದ ಮೇಲೆ ಹಲ್ಲು ಕಿತ್ತರು. ಮಂಜುಳಾ ಅತ್ತೆಗೆ ಒಂದು ಮಾತೂ ಅನ್ನಲಿಲ್ಲ. ಬೈದಿದ್ದರೆ ಎಷ್ಟೋ ವಾಸಿಯಿತ್ತು.

ಮರುದಿನ ಬೂದೆಮ್ಮ ಪಡಸಾಲೆಯಲ್ಲಿ ಒಬ್ಬಳೇ ಕೂತು ಬೋಗುಣಿಗೆ ನೀರು ತುಂಬಿದಳು. ಕಬ್ಬಿಣ ಕಾಯಿಸಿಟ್ಟು ಬೀಜ ಹಾಕಿದಳು. ಚಟಚಟ ಸಿಡಿದವು. ಕೊಳವೆಯ ತುದಿಗೆ ಯಾರ ಬಾಯಿಯೂ ಇರಲಿಲ್ಲ. ಹೊಗೆ ಕರಗಿದ ಮೇಲೆ ಬಗ್ಗಿ ನೋಡಿದಳು. ಅಯ್ಯೋ ಶಿವನೇ! ಅವೇ ಬಿಳಿ ಹುಳಗಳು, ಅಷ್ಟೇ ಸಣ್ಣವು. ಸಿಡಿದ ಬೀಜದ ಹೊಟ್ಟೆಯಿಂದ ಹಾರಿ ನೀರಿಗೆ ಬಿದ್ದ ಮೊಳಕೆಗಳು. ನಲವತ್ತು ವರ್ಷ! ಎಷ್ಟು ಮಕ್ಕಳು, ಎಷ್ಟು ಚೂರು ಬೆಲ್ಲ!

ಕಲ್ಯಾಣಿ ಬಂದು ಹೆಗಲ ಮೇಲಿಂದ ಬಗ್ಗಿ ನೋಡಿದಳು. ‘ಆಯೀ, ಇವು ಯಾರ ಹಲ್ಲಿನವು?’

ಬೂದೆಮ್ಮ ಕೊಳವೆಯನ್ನು ಕೆಳಗಿಟ್ಟಳು.

ಅಷ್ಟರಲ್ಲಿ ಬಾಗಿಲಲ್ಲಿ ಸಿರವಾರದ ಹೆಂಗಸೊಬ್ಬಳು ನಿಂತಿದ್ದಳು. ಒಂದು ಕೈಯಲ್ಲಿ ತೆಂಗಿನಕಾಯಿ, ಇನ್ನೊಂದರಲ್ಲಿ ಅಳುವ ಮಗಳು.

‘ಹುಳದವ್ವ ಅದಾಳೇನ್ರಿ?’

‘ಇಲ್ಲ’ ಎಂದಳು ಬೂದೆಮ್ಮ. ಬೋಗುಣಿಯ ನೀರನ್ನು ಅಂಗಳಕ್ಕೆ ಚೆಲ್ಲಿ, ಬಂದು ಆ ಕೂಸಿನ ಕೈ ಹಿಡಿದಳು. ‘ನಡಿ ಬೇ ತಂಗಿ, ರಾಯಚೂರಿಗೆ. ನಾನೂ ಬರ್ತೀನಿ.’